ಶಿಖರದ ಮೇಲಣ ನೆಲ್ಲಿ: ಭಕ್ಷ್ಯಾಕಾರದ ವಾಸ್ತುವನ್ನು ಕುರಿತ ವಿಮರ್ಶೆ

ತಿನ್ನುವ ವಸ್ತುವಿನ ಆಕಾರವನ್ನು ಹಲವು ಮಡಿ ಹಿಗ್ಗಿಸಿ, ಅದನ್ನೇ ಕಟ್ಟಡವನ್ನಾಗಿಯೋ ಕಟ್ಟಡದ ಗುರುತನ್ನಾಗಿಯೋ ದಾರಿಯ ಬದಿಯಲ್ಲಿ ನಿಲ್ಲಿಸುವ ಪದ್ಧತಿಯು ಅಮೆರಿಕದ ಹೆದ್ದಾರಿಗಳಲ್ಲಿ ಹುಟ್ಟಿದುದೆಂದೂ, ಅದು ವರ್ತಕರ ಉಪಾಯವೇ ಹೊರತು ಶಿಲ್ಪವಲ್ಲವೆಂದೂ ಹೇಳುವುದುಂಟು. ಈ ಮಾತಿನ ಎರಡು ಭಾಗಗಳೂ ಪರೀಕ್ಷಾರ್ಹವಾಗಿವೆ. ಬಾಗಲಕೋಟೆಯಿಂದ ಕಮತಗಿ, ಅಮೀನಗಡಗಳ ಮೇಲೆ ಐಹೊಳೆಗೂ ಅಲ್ಲಿಂದ ಪಟ್ಟದಕಲ್ಲಿಗೂ ಹೋಗುವ ದಾರಿಯು ಆ ಪರೀಕ್ಷೆಗೆ ಬೇಕಾದ ಸಾಮಗ್ರಿಯ ಬಹುಭಾಗವನ್ನು ಒದಗಿಸುತ್ತದೆ.

ಮೊದಲು ಪ್ರತಿಪಕ್ಷದ ಪ್ರಸಿದ್ಧೋದಾಹರಣೆಯನ್ನು ನೋಡಬೇಕು. ನ್ಯೂಯಾರ್ಕ್ ಸಂಸ್ಥಾನದ ಲಾಂಗ್ ಐಲೆಂಡಿನಲ್ಲಿ ಬಾತುಕೋಳಿಗಳನ್ನು ಸಾಕುತ್ತಿದ್ದ ಮಾರ್ಟಿನ್ ಮೌರರ್ ಎಂಬವನು 1931ರಲ್ಲಿ ಬಾತುಕೋಳಿಯ ಆಕಾರದ ಅಂಗಡಿಯೊಂದನ್ನು ಸಿಮೆಂಟಿನಿಂದ ಕಟ್ಟಿಸಿದನು. ಎತ್ತರ ಸುಮಾರು 20 ಅಡಿ, ಉದ್ದ ಸುಮಾರು 30 ಅಡಿ. ಕಣ್ಣುಗಳಿಗೆ ಫೋರ್ಡ್ ಮೋಟಾರಿನ ಹಿಂದೀಪಗಳು. ಒಳಗೆ ಮಾರುತ್ತಿದ್ದುದು ಬಾತುಗಳನ್ನೂ ಅವುಗಳ ಮೊಟ್ಟೆಗಳನ್ನೂ. 1964ರಲ್ಲಿ ಪೀಟರ್ ಬ್ಲೇಕ್ ಎಂಬ ವಿಮರ್ಶಕನು ಇದನ್ನು ದೇಶದ ಅಂದಗೆಡಿಸಿದ ಕಸದ ಸಾಲಿಗೆ ಸೇರಿಸಿದನು. 1972ರಲ್ಲಿ ರಾಬರ್ಟ್ ವೆಂಚುರಿ, ಡೆನಿಸ್ ಸ್ಕಾಟ್ ಬ್ರೌನ್, ಸ್ಟೀವನ್ ಐಜೆನೂರ್ ಎಂಬ ಮೂವರು ಲಾಸ್ ವೇಗಾಸ್ ನಗರವನ್ನು ಕುರಿತು ಬರೆದ ಗ್ರಂಥದಲ್ಲಿ ಇದೇ ಹಕ್ಕಿಯನ್ನು ಲಕ್ಷಣನಿರ್ಣಯಕ್ಕೆ ಬಳಸಿಕೊಂಡರು. ಅವರ ಮತದಂತೆ ಅರ್ಥವನ್ನು ಸೂಚಿಸುವ ಕಟ್ಟಡಗಳು ಎರಡೇ ಬಗೆ: ಕಟ್ಟಡವೇ ಚಿಹ್ನೆಯಾಗಿ ನಿಲ್ಲುವುದು ‘ಬಾತು’, ಸಾಧಾರಣವಾದ ಕಟ್ಟಡಕ್ಕೆ ಚಿಹ್ನೆಯನ್ನು ಹೊರಗಿನಿಂದ ಅಂಟಿಸಿದುದು ‘ಅಲಂಕೃತ ಕೊಟ್ಟಿಗೆ’. ಎರಡರಲ್ಲಿ ಅವರ ಒಲವು ಕೊಟ್ಟಿಗೆಯ ಕಡೆಗೆ.

ಎರಡನೆಯ ಬಗೆಗೆ ಉದಾಹರಣೆಯನ್ನು ಹುಡುಕಿ ಕಡಲನ್ನು ದಾಟಬೇಕಾಗಿಲ್ಲ. ಕಮತಗಿಯನ್ನು ಬಿಟ್ಟು ಮುಂದೆ ಹೋದರೆ ಸಿಗುವ ಅಮೀನಗಡವು ಕರದಂಟಿಗೆ ಹೆಸರಾದ ಊರು. ಕರಿದ ಅಂಟು, ಬೆಲ್ಲ, ಕೊಬ್ಬರಿ, ಒಣಹಣ್ಣುಗಳ ಪಾಕವಾದ ಈ ಸಿಹಿಯ ಅಂಗಡಿಯು ಆಕಾರದಲ್ಲಿ ಉಳಿದ ಅಂಗಡಿಗಳಿಗಿಂತ ಬೇರೆಯಲ್ಲ. ಕರದಂಟೆಂಬುದನ್ನು ತಿಳಿಸುವುದು ಮೇಲಣ ಫಲಕದ ಅಕ್ಷರ. ಅಲಂಕಾರಶಾಸ್ತ್ರದ ಮಾತಿನಲ್ಲಿ ಹೇಳುವುದಾದರೆ ಇಲ್ಲಿರುವುದು ಕೇವಲ ಅಭಿಧೆ. ಬಾತಿನ ಅಂಗಡಿಯಲ್ಲಾದರೋ ಉಪಮಾನೋಪಮೇಯಗಳ ಭೇದವೇ ಅಳಿದುಹೋಗಿ ರೂಪಕವಾಗಿದೆ.

ಈ ಎರಡು ಬಗೆಗಳಿಂದಲೇ ವಿಷಯವು ಮುಗಿಯುವುದೇ ಎಂಬುದು ಪ್ರಶ್ನೆ. ಮುಗಿಯುವುದಿಲ್ಲವೆಂಬುದಕ್ಕೆ ಪಟ್ಟದಕಲ್ಲಿನ ಗಳಗನಾಥ ದೇವಾಲಯವೇ ಸಾಕ್ಷಿ. ಎಂಟನೆಯ ಶತಮಾನದ ಈ ಗುಡಿಯ ಮೇಲಿರುವುದು ನಾಗರಕ್ರಮದ ಶಿಖರ. ಅದರ ನಾಲ್ಕು ಪಾರ್ಶ್ವಗಳು ಬಾಗಿ ಮೇಲೇರಿ ಒಂದರ ಸಮೀಪಕ್ಕೊಂದು ಬಂದಲ್ಲಿ ಕಿರಿದಾದ ಗ್ರೀವವುಂಟು. ಗ್ರೀವದ ಮೇಲೆ ಅಂಚೆಲ್ಲ ಏಣುಗಳಿಂದ ಕೂಡಿದ ದುಂಡಾದ ಚಪ್ಪಟೆ ಶಿಲೆ. ಅದರ ಮೇಲೆ ಕಲಶ. ಆ ಏಣುಗಳ ಶಿಲೆಗೆ ಆಮಲಕವೆಂದು ಹೆಸರು. ಭೋಜರಾಜನ ಹೆಸರಿನಲ್ಲಿರುವ ಸಮರಾಂಗಣಸೂತ್ರಧಾರವೇ ಮೊದಲಾದ ಗ್ರಂಥಗಳಲ್ಲಿ ಅದು ಆಮಲಸಾರಕ. ಕನ್ನಡದಲ್ಲಿ ಹೇಳಿದರೆ ಅದು ನೆಲ್ಲಿಕಾಯಿ. ಶಿಖರದ ಮೂಲೆಗಳಲ್ಲಿಯೂ ಅಂತಸ್ತು ಅಂತಸ್ತಿಗೆ ಇದೇ ಆಕಾರದ ಚಿಕ್ಕ ಶಿಲೆಗಳನ್ನಿಟ್ಟು ಭೂಮಿಗಳ ಎಣಿಕೆಯನ್ನು ತೋರಿಸಿದ್ದಾರೆ. ಆದುದರಿಂದ ತಿನ್ನುವ ಹಣ್ಣನ್ನು ಹಿಗ್ಗಿಸಿ ವಾಸ್ತುವಿನಲ್ಲಿ ನಿಲ್ಲಿಸುವ ಕ್ರಮವು ಮೋಟಾರಿಗೂ ಹೆದ್ದಾರಿಗೂ ಹಿಂದಿನದೆಂಬುದು ಸ್ಪಷ್ಟ.

ಇಲ್ಲಿ ಒಂದು ಆಕ್ಷೇಪವು ಏಳಬಹುದು. ಹಂಪೆಯಲ್ಲಿ ಸುಮಾರು 8 ಅಡಿಯ ಗಣಪತಿಗೆ ಸಾಸಿವೆಕಾಳೆಂದೂ ಸುಮಾರು 15 ಅಡಿಯ ಗಣಪತಿಗೆ ಕಡಲೆಕಾಳೆಂದೂ ಹೆಸರುಗಳಿವೆ. ಶಿಲ್ಪಿಯು ಕಡೆದುದು ಸಾಸಿವೆಯನ್ನೂ ಅಲ್ಲ, ಕಡಲೆಯನ್ನೂ ಅಲ್ಲ. ಹೊಟ್ಟೆಯ ದುಂಡನ್ನು ಕಂಡ ಜನರು ಹಾಗೆ ಕರೆದರು. ಆಮಲಕವೂ ಇಂತಹ ಹೆಸರೇ ಏಕಾಗಬಾರದು? ಅದನ್ನು ಪದ್ಮವೆಂದೂ ಸೂರ್ಯಚಕ್ರವೆಂದೂ ನೋಡಿದ ವಿದ್ವಾಂಸರೂ ಇದ್ದಾರೆ. ಹಣ್ಣಿನ ಮೈಮೇಲಿರುವುದು ಆರು ಮಸುಕಾದ ಗೆರೆಗಳು, ಶಿಲೆಯಲ್ಲಿ ಏಣುಗಳು ಅನೇಕ. ಹಣ್ಣು ಗುಂಡು, ಶಿಲೆ ಚಪ್ಪಟೆ ಎಂದು. ಇದಕ್ಕೆ ಸಮಾಧಾನ: ಹಂಪೆಯ ಹೆಸರುಗಳು ಜನರ ಬಾಯಲ್ಲಿ ಹುಟ್ಟಿದವು, ಆಮಲಕವೆಂಬುದು ಶಿಲ್ಪಶಾಸ್ತ್ರದ ಪರಿಭಾಷೆ. ಸ್ಥಪತಿಗಳ ಪರಂಪರೆಯು ಆ ಶಿಲೆಯನ್ನು ನೆಲ್ಲಿಯೆಂದು ಕಂಡಿತೆಂಬುದಕ್ಕೆ ಅಷ್ಟು ಸಾಕು. ಭೇದವನ್ನು ತೋರಿಸಿದುದರಿಂದ ಸಾದೃಶ್ಯವು ಕೆಡುವುದಿಲ್ಲ. ಭೇದವಿದ್ದು ಸಾಧಾರಣಧರ್ಮವಿದ್ದಲ್ಲಿಯೇ ಉಪಮೆ. ದುಂಡನ್ನೂ ಏಣನ್ನೂ ತೆಗೆದುಕೊಂಡು ತೊಟ್ಟು, ಬಣ್ಣ, ಗಾತ್ರಗಳನ್ನು ಬಿಟ್ಟುದೇ ಇಲ್ಲಿಯ ವಿವೇಕ.

ಇನ್ನು ಸಿದ್ಧಾಂತ. ಗಳಗನಾಥದ ಗುಡಿಯು ನೆಲ್ಲಿಕಾಯಿಯ ಆಕಾರದಲ್ಲಿಲ್ಲ. ಆದುದರಿಂದ ‘ಬಾತು’ ಅಲ್ಲ. ನೆಲ್ಲಿಯು ಹೊರಗಿನಿಂದ ಅಂಟಿಸಿದ ಫಲಕವೂ ಅಲ್ಲ. ಒಳಕ್ಕೆ ಬಾಗಿ ಬಂದ ಪಾರ್ಶ್ವಗಳನ್ನು ಭಾರದಿಂದ ಅದುಮಿ ಮುಗಿಸುವ ಶಿಲೆ ಅದು. ಆದುದರಿಂದ ‘ಕೊಟ್ಟಿಗೆ’ಯೂ ಅಲ್ಲ. ಅದು ಅವಯವಿಗೆ ಸೇರಿದ ಅವಯವ. ಬಾತಿನ ಅಂಗಡಿಯಲ್ಲಿ ಇದು ಬಾತು, ಇಲ್ಲಿ ಬಾತು ಸಿಗುತ್ತದೆ ಎಂದು ತಿಳಿದೊಡನೆ ಅರ್ಥವು ಸಮಾಪ್ತ. ನೆಲ್ಲಿಯೆಂದು ತಿಳಿದ ಮೇಲೆ ಅರ್ಥವು ಆರಂಭವಾಗುತ್ತದೆ. ಅಂಗೈಯ ನೆಲ್ಲಿಯೆಂದರೆ ಸಂದೇಹವಿಲ್ಲದ ಜ್ಞಾನಕ್ಕೆ ಹೆಸರು. ಅಶೋಕನು ಕೊನೆಗಾಲದಲ್ಲಿ ಸಂಘಕ್ಕೆ ಕೊಡಲು ತನ್ನಲ್ಲಿ ಉಳಿದುದು ಅರ್ಧ ನೆಲ್ಲಿಕಾಯಿಯೆಂದು ಬೌದ್ಧಕಥೆ ಹೇಳುತ್ತದೆ. ಆ ದಾನದ ನೆನಪಿನ ಸ್ತೂಪವನ್ನು ಏಳನೆಯ ಶತಮಾನದ ಯಾತ್ರಿಕ ಹ್ಯುಯೆನ್ ತ್ಸಾಂಗನು ಪಾಟಲಿಪುತ್ರದಲ್ಲಿ ಕಂಡು ಬರೆದಿದ್ದಾನೆ. ಇಷ್ಟೆಲ್ಲ ಸಂಸ್ಕಾರವುಳ್ಳ ಹಣ್ಣನ್ನು ಶಿಖರದ ಮೇಲಿಟ್ಟಾಗ ಅದು ಏನನ್ನೂ ಘೋಷಿಸುವುದಿಲ್ಲ, ವ್ಯಂಜಿಸುತ್ತದೆ. ಇದೇ ಧ್ವನಿ.

ಹಾಗೆಂದು ಬಾತನ್ನು ತುಚ್ಛೀಕರಿಸುವುದೂ ನ್ಯಾಯವಲ್ಲ. ಅಲ್ಲಿಯ ಬಾತುಗಳ ವ್ಯಾಪಾರವು ನಿಂತ ಮೇಲೂ ಜನರು ಆ ಕಟ್ಟಡವನ್ನು ಉಳಿಸಿಕೊಂಡರು. 1997ರಲ್ಲಿ ಅದು ಅಮೆರಿಕದ ಐತಿಹಾಸಿಕ ಸ್ಥಳಗಳ ರಾಷ್ಟ್ರೀಯ ಪಟ್ಟಿಗೆ ಸೇರಿತು. ಪ್ರಯೋಜನವು ಹೋದರೂ ಅದ್ಭುತಹಾಸ್ಯಗಳು ಉಳಿದುವೆಂದು ಇದರಿಂದ ತಿಳಿಯಬೇಕು. ತಿನಿಸಿನ ಆಕಾರವೆಂಬ ಮಾತ್ರಕ್ಕೆ ವಾಸ್ತುವು ಹೀನವಾಗದು. ಆ ಆಕಾರಕ್ಕೆ ಕಟ್ಟಡದಲ್ಲಿ ಮಾಡುವ ಕೆಲಸವೇನು, ಕಂಡ ಮೇಲೆ ಉಳಿಯುವುದೇನು ಎಂಬ ಎರಡನ್ನು ಕೇಳಿ ತೀರ್ಪು ಹೇಳಬೇಕು.

ಐಹೊಳೆಯ ದುರ್ಗದ ಗುಡಿಯ ಶಿಖರವು ಭಗ್ನವಾಗಿದೆ. ಅದರ ಆಮಲಕವು ಗುಡಿಯ ಪಕ್ಕದಲ್ಲಿ ನೆಲದ ಮೇಲಿದೆ. ಮೇಲಿದ್ದಾಗ ಕಣ್ಣಿಗೆ ಚಿಕ್ಕದಾಗಿ ತೋರಬೇಕಾದ ಈ ಶಿಲೆಯ ನಿಜವಾದ ಗಾತ್ರವೂ ಏಣುಗಳ ಆಳವೂ ಇಲ್ಲಿ ಕೈಗೆ ಸಿಗುವಷ್ಟು ಸಮೀಪದಲ್ಲಿವೆ. ದೂರದಿಂದ ನೋಡುವವನ ದೃಷ್ಟಿಗೆ ತಕ್ಕಂತೆ ಸ್ಥಪತಿಯು ಪ್ರಮಾಣವನ್ನು ಎಷ್ಟು ಹಿಗ್ಗಿಸಿದನೆಂಬುದನ್ನು ಅಳೆಯಲು ಇದಕ್ಕಿಂತ ಒಳ್ಳೆಯ ಸಾಧನವಿಲ್ಲ. ಕಮತಗಿಯ ಕಡೆಯಿಂದ ಬರುವ ವಿದ್ಯಾರ್ಥಿಗಳಿಗೆ ಮೊದಲು ಈ ಬಿದ್ದ ಶಿಲೆಯನ್ನು ತೋರಿಸಿ, ನೆಲ್ಲಿಯೆಂಬ ಅದರ ಹೆಸರನ್ನು ಹೇಳಿ, ಬಳಿಕ ಗಳಗನಾಥದ ಶಿಖರದ ಕಡೆಗೆ ಕರೆದೊಯ್ಯುವುದು ಯುಕ್ತವಾದ ಕ್ರಮ.