ಚಂದ್ರಿ ಮತ್ತು ಬರೋಡಾ ಕೇಸು

‘ಸಂಸ್ಕಾರ’ವನ್ನು ಮತ್ತೊಮ್ಮೆ ನೋಡುವವರಿದ್ದರೆ, ಈ ಸಲ ಪ್ರಾಣೇಶಾಚಾರ್ಯರನ್ನು ಬಿಟ್ಟು ಚಂದ್ರಿಯನ್ನು ನೋಡಿ. ನಾರಣಪ್ಪನ ಹೆಣ ಮನೆಯಲ್ಲಿ ಬಿದ್ದಿದೆ, ಅಗ್ರಹಾರ ಶಾಸ್ತ್ರ ತಡಕುತ್ತಿದೆ. ಆಕೆ ಮೈಮೇಲಿನ ಒಡವೆ ಬಿಚ್ಚಿ ಆಚಾರ್ಯರ ಮುಂದಿಡುತ್ತಾಳೆ. ಅಲ್ಲಿ ಸ್ನೇಹಲತಾ ರೆಡ್ಡಿ ಅಭಿನಯಿಸುತ್ತಿದ್ದಾರೆ ಅಂತಲೇ ಅನ್ನಿಸುವುದಿಲ್ಲ. ಕ್ಯಾಮೆರಾ ಹಿಡಿದವನು ಆಸ್ಟ್ರೇಲಿಯಾದ ಟಾಮ್ ಕೋವನ್. ಮಾತಿಗಿಂತ ಮುಖಗಳನ್ನೇ ನಂಬಿ ಚಿತ್ರ ತೆಗೆದ ಹಾಗಿದೆ.

ಮದ್ರಾಸಿನ ಸೆನ್ಸಾರ್ ಮಂಡಳಿ ಈ ಚಿತ್ರವನ್ನು ತಡೆಹಿಡಿಯಿತು. ಬ್ರಾಹ್ಮಣರಿಗೆ ನೋವಾದೀತು ಎಂಬ ಅಂಜಿಕೆ. ನಿರ್ದೇಶಕ ಪಟ್ಟಾಭಿರಾಮ ರೆಡ್ಡಿ ಪಟ್ಟು ಬಿಡಲಿಲ್ಲ, ಕೊನೆಗೆ ಕೇಂದ್ರ ಅನುಮತಿ ಕೊಟ್ಟಿತು, 1970ರ ಅತ್ಯುತ್ತಮ ಚಿತ್ರದ ರಾಷ್ಟ್ರಪ್ರಶಸ್ತಿಯೂ ಬಂತು. ಕನ್ನಡಕ್ಕೆ ಅದೇ ಮೊದಲು. ಸೆನ್ಸಾರಿನವರು ಎಷ್ಟೇ ದಡ್ಡರಿರಲಿ, ಅವರ ಮೇಲೆ ದೂರು ಒಯ್ಯಲು ಒಂದು ಬಾಗಿಲಿತ್ತು.

1975ರ ಜೂನ್‌ನಲ್ಲಿ ತುರ್ತು ಪರಿಸ್ಥಿತಿ ಬಂತು, ಆ ಬಾಗಿಲೂ ಮುಚ್ಚಿತು. ಅಮೃತ್ ನಾಹಟಾರ ‘ಕಿಸ್ಸಾ ಕುರ್ಸಿ ಕಾ’ಗೆ ಕತ್ತರಿಯಲ್ಲ, ಬೆಂಕಿ ಬಿತ್ತು. ಗುಜರಾತಿನಲ್ಲಿ ಬಾಬುಭಾಯಿ ಪಟೇಲರ ಜನತಾ ಮೋರ್ಚಾ ಸರ್ಕಾರ ಇರುವತನಕ ಭೂಗತರಾದವರಿಗೆ ಉಸಿರಾಡಲು ಜಾಗವಿತ್ತು. 1976ರ ಮಾರ್ಚಿನಲ್ಲಿ ಅದು ಬಿತ್ತು. ಬರೋಡಾ ಸುತ್ತ ಡೈನಮೈಟ್ ವಶಪಡಿಸಿಕೊಂಡ ಪೊಲೀಸರು ಹೂಡಿದ ಕೇಸಿನ ಮೊದಲ ಆರೋಪಿ ನಮ್ಮ ಮಂಗಳೂರಿನ ಜಾರ್ಜ್ ಫರ್ನಾಂಡಿಸ್. ಅವರ ಸ್ನೇಹ ಇದ್ದದ್ದಕ್ಕೆ ಮೇ 2ರಂದು ಬೆಂಗಳೂರಿನ ಸ್ನೇಹಲತಾ ಜೈಲು ಸೇರಿದರು. ದೋಷಾರೋಪ ಪಟ್ಟಿಯಲ್ಲಿ ಅವರ ಹೆಸರೇ ಇರಲಿಲ್ಲ. ಬಿಡಲೂ ಇಲ್ಲ, ವಿಚಾರಣೆಯಿಲ್ಲದೆ ಒಳಗಿಡುವ ಮೀಸಾ ಕಾಯ್ದೆ ಇತ್ತಲ್ಲ! ಉಬ್ಬಸದ ರೋಗಿಗೆ ಸರಿಯಾದ ಔಷಧೋಪಚಾರವಿಲ್ಲ. ಅದೇ ಜೈಲಿನಲ್ಲಿದ್ದ ಮಧು ದಂಡವತೆ, ರಾತ್ರಿ ಆಕೆ ಚೀರುವುದು ತಮಗೆ ಕೇಳುತ್ತಿತ್ತೆಂದು ಬರೆದಿದ್ದಾರೆ. 1977ರ ಜನವರಿ 15ಕ್ಕೆ ಪೆರೋಲ್ ಸಿಕ್ಕಿತು, 20ಕ್ಕೆ ತೀರಿಕೊಂಡರು.

ಪ್ರಾಣೇಶಾಚಾರ್ಯರಾಗಿದ್ದ ಗಿರೀಶ ಕಾರ್ನಾಡರು 1976ರಲ್ಲೇ ತೆರೆಯ ಮೇಲೆ ಗುಜರಾತಿನ ಹಳ್ಳಿಗೆ ಬಂದಿಳಿದರು: ‘ಮಂಥನ್’ನ ಡಾಕ್ಟರ್ ರಾವ್. 5 ಲಕ್ಷ ಹೈನುಗಾರರು ತಲಾ 2 ರೂಪಾಯಿ ಹಾಕಿ ಮಾಡಿಸಿದ ಶ್ಯಾಮ್ ಬೆನಗಲ್‌ರ ಚಿತ್ರ. ಹಾಲಿನ ಸಹಕಾರ ಸಂಘದ ಕಥೆ ಆಳುವವರಿಗೆ ಅಡ್ಡಿಯಾಗಲಿಲ್ಲ. ಹಾಗೆಂದು ಅದನ್ನು ಸರ್ಕಾರಿ ಚಿತ್ರ ಎನ್ನಲಾರೆ. ಊರಿನ ಜಾತಿ, ಮುಖ್ಯಸ್ಥರ ಠೇಂಕಾರ ಎಲ್ಲ ಅದರಲ್ಲಿದೆ. 2024ರಲ್ಲಿ ಕಾನ್‌ನಲ್ಲಿ ಅದರ ಜೀರ್ಣೋದ್ಧಾರಗೊಂಡ ಪ್ರತಿಯನ್ನು ತೋರಿಸಿದರು.

ಪಟ್ಟಾಭಿ 1977ರಲ್ಲಿ ಲಂಕೇಶರ ನಾಟಕವನ್ನು ಆಧರಿಸಿ ‘ಚಂಡಮಾರುತ’ ಮಾಡಿದರು. ‘ಸಂಸ್ಕಾರ’ದ ಎತ್ತರ ಅದಕ್ಕಿಲ್ಲ, ಆದರೂ ಹುಡುಕಿ ನೋಡಬೇಕಾದ ಚಿತ್ರ. ಬರೋಡಾ ಕೇಸನ್ನು ಜನತಾ ಸರ್ಕಾರ ಅದೇ ವರ್ಷ ಹಿಂತೆಗೆದುಕೊಂಡಿತು.