ಬಾಳದೆ ಉಳಿದ ಬಾಳು: ಕನ್ನಡ ಕಥನದಲ್ಲಿ ಹಳಹಳಿಕೆಯ ಸ್ವರೂಪ

ಪಶ್ಚಾತ್ತಾಪ, ಹಳಹಳಿಕೆ ಎಂಬ ಎರಡು ಮಾತುಗಳನ್ನು ಒಂದೇ ಅರ್ಥದಲ್ಲಿ ಬಳಸುವ ರೂಢಿ ಉಂಟು. ಸೂಕ್ಷ್ಮವಾಗಿ ನೋಡಿದರೆ ಅವುಗಳ ಕ್ಷೇತ್ರಗಳು ಬೇರೆಬೇರೆಯೆಂಬುದು ತಿಳಿಯುತ್ತದೆ. ಮಾಡಿದ ತಪ್ಪಿಗಾಗಿ ಪಡುವ ತಾಪ ಪಶ್ಚಾತ್ತಾಪ. ಅದಕ್ಕೆ ಧರ್ಮಶಾಸ್ತ್ರವು ಪ್ರಾಯಶ್ಚಿತ್ತವನ್ನು ವಿಧಿಸಿದೆ. ಮಾಡಬೇಕಾದ ಕರ್ಮವನ್ನು ಬಿಟ್ಟವನಿಗೂ ಅಲ್ಲಿ ಶುದ್ಧಿಯ ಮಾರ್ಗವುಂಟು. ಆದರೆ ನ್ಯಾಯವಾದ ಎರಡು ದಾರಿಗಳು ಎದುರಾದಾಗ ಒಂದನ್ನು ಹಿಡಿದು ಮತ್ತೊಂದನ್ನು ಬಿಟ್ಟವನ ಸ್ಥಿತಿ ಇನ್ನೊಂದು ಬಗೆಯದು. ಆತನು ಯಾವ ತಪ್ಪನ್ನೂ ಮಾಡಿಲ್ಲ. ಆದುದರಿಂದ ಆತನಿಗೆ ಪ್ರಾಯಶ್ಚಿತ್ತವೂ ಇಲ್ಲ. ಬಿಟ್ಟ ದಾರಿ ಮಾತ್ರ ಮನಸ್ಸಿನಲ್ಲಿ ಉಳಿದುಕೊಂಡು ಬಿಡುವಿನ ವೇಳೆಯಲ್ಲೆಲ್ಲ ಎದುರಿಗೆ ಬಂದು ನಿಲ್ಲುತ್ತದೆ. ಇದೇ ಹಳಹಳಿಕೆ.

ದಿಲ್ಲಿಯ ಕನ್ನಡಿಗರಿಗೆ ಈ ವಿಷಯ ಕೇವಲ ಸಾಹಿತ್ಯಕವಾದುದಲ್ಲ. ಕೇಂದ್ರ ಸರಕಾರದ ಕಚೇರಿಗಳಲ್ಲಿ, ವಿದ್ಯಾಸಂಸ್ಥೆಗಳಲ್ಲಿ, ಪತ್ರಿಕಾಲಯಗಳಲ್ಲಿ ಕೆಲಸ ಹಿಡಿದು ಬಂದವರು ಕೆಲವೇ ವರ್ಷಗಳ ಮಾತೆಂದು ತಿಳಿದು ಬಂದರು. ಮಕ್ಕಳನ್ನು ಲೋದಿ ಎಸ್ಟೇಟಿನ ಕನ್ನಡ ಶಾಲೆಗೆ ಸೇರಿಸಿದರು. ನಿವೃತ್ತಿಯ ಕಾಲಕ್ಕೆ ಊರಿನ ಮನೆ ಪಾಲಾಗಿರುವುದನ್ನೂ ಮಕ್ಕಳು ನೊಯ್ಡಾದಲ್ಲಿಯೋ ಗುರುಗ್ರಾಮದಲ್ಲಿಯೋ ಬೇರೂರಿರುವುದನ್ನೂ ಕಂಡರು. ಇಂಥ ಬಾಳಿನಲ್ಲಿ ‘ಊರಲ್ಲಿಯೇ ಇದ್ದಿದ್ದರೆ’ ಎಂಬ ಮಾತು ಮತ್ತೆ ಮತ್ತೆ ಏಳುವುದು ಸಹಜ. ರಾವ್ ತುಲಾರಾಮ್ ಮಾರ್ಗದ ಕರ್ನಾಟಕ ಸಂಘದ ಸಭಾಂಗಣದಲ್ಲಾಗಲಿ ಹೊರನಾಡಿನ ಬೇರೆ ಯಾವ ಸಂಘದ ವೇದಿಕೆಯಲ್ಲಾಗಲಿ ಈ ಭಾವಕ್ಕೆ ಆಧಾರವಾಗಿ ಪಂಪನ ಬನವಾಸಿಯ ಸ್ಮರಣೆಯನ್ನು ತರುವುದು ಸಂಪ್ರದಾಯವೇ ಆಗಿಬಿಟ್ಟಿದೆ. ಪಂಪನ ಮಾತಿಗೆ ಇಲ್ಲಿ ಕೊಡಲಾಗುವ ಅರ್ಥ ಸರಿಯೇ ಎಂಬುದನ್ನು ಕೊನೆಯಲ್ಲಿ ನೋಡಬಹುದು. ಅದಕ್ಕೆ ಮೊದಲು ಹೊಸಗನ್ನಡದ ಕಥನವು ಬಾಳದೆ ಉಳಿದ ಬಾಳನ್ನು ಹೇಗೆ ಎದುರಿಸಿದೆ ಎಂಬುದನ್ನು ಪರಿಶೀಲಿಸುವುದು ಉಚಿತ.

ಈ ಪರಿಶೀಲನೆಗೆ ಮಾಸ್ತಿ ವೆಂಕಟೇಶ ಅಯ್ಯಂಗಾರರ ‘ಸುಬ್ಬಣ್ಣ’ (1928) ಸಹಜವಾದ ಆರಂಭ. ಮೈಸೂರಿನ ವಿದ್ವಾಂಸರೊಬ್ಬರ ಮಗ ಸಂಗೀತದ ಒಲವಿನಿಂದ ತಂದೆಯ ಅಸಮಾಧಾನಕ್ಕೆ ಗುರಿಯಾಗಿ, ಹೆಂಡತಿಯೊಡನೆ ಮನೆ ಬಿಟ್ಟು, ದೂರದ ಕಲ್ಕತ್ತೆಯನ್ನು ಸೇರುತ್ತಾನೆ. ಅಲ್ಲಿ ವಿದ್ಯೆ ಅವನಿಗೆ ಅನ್ನವನ್ನೂ ಗೌರವವನ್ನೂ ಕೊಡುತ್ತದೆ. ಆದರೆ ಮಕ್ಕಳನ್ನೂ ಹೆಂಡತಿಯನ್ನೂ ಕಳೆದುಕೊಂಡು ಒಬ್ಬಂಟಿಯಾಗಿ ಹಿಂದಿರುಗುವ ವಿಧಿಯೂ ಅವನದೇ. ಹೊರನಾಡಿಗೆ ಹೋದ ಕನ್ನಡಿಗನ ಬಾಳನ್ನು ಹೊಸಗನ್ನಡ ಗದ್ಯವು ಇಷ್ಟು ಹಿಂದೆಯೇ, ಇಷ್ಟು ಗಂಭೀರವಾಗಿ ನೋಡಿದುದು ಗಮನಾರ್ಹ. ತಂದೆಯ ಮಾತನ್ನು ಕೇಳಿದ್ದರೆ ಸುಬ್ಬಣ್ಣನಿಗೆ ಇಷ್ಟು ದುಃಖ ಬರುತ್ತಿರಲಿಲ್ಲವೆಂಬ ನೀತಿಯನ್ನು ಮಾಸ್ತಿಯವರು ಎಲ್ಲಿಯೂ ಹೇಳುವುದಿಲ್ಲ. ಹೋದುದು ತಪ್ಪೆಂದೂ ಇಲ್ಲ, ಬಂದುದರಿಂದ ಕಳೆದುದು ದೊರೆಯಿತೆಂದೂ ಇಲ್ಲ. ಸುಬ್ಬಣ್ಣನು ಕೊನೆಗೆ ಪಡೆಯುವ ಶಾಂತಿ ಮೈಸೂರಿನ ಮಣ್ಣಿನಿಂದ ಬಂದುದಲ್ಲ; ನಡೆದುದೆಲ್ಲವನ್ನೂ ತನ್ನದೆಂದು ಒಪ್ಪಿಕೊಂಡ ಮನಸ್ಸಿನಿಂದ ಬಂದುದು. ಈ ಶಾಂತಿಯು ತೀರ ಬೇಗ ಕೈಗೂಡುತ್ತದೆ, ಹೆಂಡತಿಯ ಪಾಲಿನ ಕಷ್ಟಕ್ಕೆ ಸಿಗಬೇಕಾದಷ್ಟು ಎಡೆ ಸಿಕ್ಕಿಲ್ಲ ಎಂಬ ಆಕ್ಷೇಪಕ್ಕೆ ಅವಕಾಶವುಂಟು. ಆದರೂ ಹಿಂದಿರುಗುವುದೇ ಹಳಹಳಿಕೆಗೆ ಮದ್ದು ಎಂಬ ಭ್ರಮೆಯನ್ನು ಈ ಕಥೆ ಪೋಷಿಸುವುದಿಲ್ಲ.

ಗಿರೀಶ ಕಾರ್ನಾಡರ ‘ಯಯಾತಿ’ (1961) ಇದೇ ಸಮಸ್ಯೆಯನ್ನು ವಿರುದ್ಧ ದಿಕ್ಕಿನಿಂದ ಹಿಡಿಯುತ್ತದೆ. ಶುಕ್ರಾಚಾರ್ಯನ ಶಾಪದಿಂದ ಅಕಾಲದಲ್ಲಿ ಮುಪ್ಪನ್ನು ಪಡೆದ ಅರಸನಿಗೆ ತಾನು ಇನ್ನೂ ಬಾಳಿಲ್ಲವೆಂಬ ಅತೃಪ್ತಿ. ಆ ಬಾಳನ್ನು ಮಗನಾದ ಪುರುವಿನ ತಾರುಣ್ಯದಿಂದ ಕಡ ತೆಗೆದುಕೊಳ್ಳಲು ಹೊರಡುತ್ತಾನೆ. ಭಾರತದ ಕಥೆಯಲ್ಲಿ ಯಯಾತಿ ದೀರ್ಘಕಾಲ ಭೋಗಿಸಿ, ಭೋಗದಿಂದ ಕಾಮ ಶಮನವಾಗದೆಂಬ ಅರಿವನ್ನು ಪಡೆದು ತಾರುಣ್ಯವನ್ನು ಹಿಂದಿರುಗಿಸುತ್ತಾನೆ. ಕಾರ್ನಾಡರು ಆ ದೀರ್ಘಕಾಲವನ್ನು ತೆಗೆದುಹಾಕಿದ್ದಾರೆ. ಅದರ ಸ್ಥಾನದಲ್ಲಿ ಪುರುವಿನ ನವವಧು ಚಿತ್ರಲೇಖೆ ನಿಲ್ಲುತ್ತಾಳೆ. ಗಂಡನ ತಾರುಣ್ಯವನ್ನು ಮಾವ ತೆಗೆದುಕೊಂಡ ಮೇಲೆ ತನ್ನ ಬಾಳಿನ ಗತಿ ಏನೆಂದು ಆಕೆ ಕೇಳುತ್ತಾಳೆ. ಆ ಪ್ರಶ್ನೆಗೆ ಉತ್ತರ ಸಿಗದೆ ವಿಷ ಕುಡಿದು ಸಾಯುತ್ತಾಳೆ. ಒಬ್ಬನು ತಾನು ಬಾಳದೆ ಬಿಟ್ಟುದನ್ನು ಮತ್ತೊಬ್ಬರ ಆಯುಷ್ಯದಲ್ಲಿ ಬಾಳಲು ಹೊರಟರೆ ಅದರ ಬೆಲೆಯನ್ನು ಒಪ್ಪಂದದಲ್ಲಿ ಸೇರದವರು ತೆರಬೇಕಾಗುತ್ತದೆ ಎಂಬುದು ನಾಟಕದ ಹುರುಳು. ತಾನು ಕಲಿಯದ ಸಂಗೀತವನ್ನು ಮಗಳು ಕಲಿಯಲೇಬೇಕು, ತಾನು ಬಿಟ್ಟುಬಂದ ಊರನ್ನು ಮಗನು ಪ್ರೀತಿಸಲೇಬೇಕು ಎಂದು ಹಟ ಹಿಡಿಯುವ ತಾಯಿತಂದೆಗಳು ಹೊರನಾಡಿನಲ್ಲಿ ವಿರಳರಲ್ಲ. ಅವರ ಪ್ರೀತಿಯಲ್ಲಿ ಸಂದೇಹವಿಲ್ಲ. ಯಯಾತಿಗೂ ಮಗನ ಮೇಲೆ ಪ್ರೀತಿಯಿತ್ತು. ಇಪ್ಪತ್ತೆರಡು ಇಪ್ಪತ್ತಮೂರರ ಪ್ರಾಯದಲ್ಲಿ, ಆಕ್ಸಫರ್ಡಿಗೆ ಓದಲು ಹೊರಡುವ ಕಾಲದಲ್ಲಿ, ಕಾರ್ನಾಡರು ಈ ವಸ್ತುವನ್ನು ಕೈಗೆತ್ತಿಕೊಂಡರೆಂಬುದನ್ನು ನೆನೆದರೆ ನಾಟಕದ ಸಹಾನುಭೂತಿ ಎಳೆಯರ ಕಡೆಗೆ ವಾಲಿರುವುದು ಆಶ್ಚರ್ಯವಲ್ಲ.

ಇದೇ ಕಾಲದ ಇನ್ನೊಂದು ಕೃತಿ ಶಿವರಾಮ ಕಾರಂತರ ‘ಅಳಿದ ಮೇಲೆ’ (1960). ಮುಂಬಯಿಯಲ್ಲಿ ಒಂಟಿಯಾಗಿ ಬಾಳಿ ತೀರಿಕೊಂಡ ಯಶವಂತರಾಯರ ಬದುಕನ್ನು, ಅವರು ಬಿಟ್ಟುಹೋದ ಬರಹ, ಚಿತ್ರ ಮತ್ತು ಹಣದ ವ್ಯವಸ್ಥೆಯ ಆಧಾರದ ಮೇಲೆ ಸ್ನೇಹಿತನು ಅರಸಿಕೊಂಡು ಹೋಗುವುದು ಇದರ ಹಂದರ. ಸ್ನೇಹಿತನು ಕರಾವಳಿಯ ಕಡೆಗೆ ಪ್ರಯಾಣ ಮಾಡಿ, ಯಶವಂತರಾಯರು ತಿಂಗಳು ತಿಂಗಳೂ ಹಣ ಕಳುಹಿಸುತ್ತಿದ್ದವರನ್ನು ಕಾಣುತ್ತಾನೆ. ಸತ್ತವನ ಬಾಳಿನಲ್ಲಿ ಮುರಿದುಬಿದ್ದ ಸಂಬಂಧಗಳು ಅನೇಕ. ಅವನ್ನು ಕಟ್ಟಿಕೊಡುವ ಶಕ್ತಿ ಯಾರಿಗೂ ಇಲ್ಲ. ಆದರೆ ಲೋಕದಿಂದ ಪಡೆದುದಕ್ಕೂ ಲೋಕಕ್ಕೆ ಕೊಟ್ಟುದಕ್ಕೂ ಲೆಕ್ಕವಿರಬೇಕೆಂಬ ಎಚ್ಚರ ಆ ಮನುಷ್ಯನಲ್ಲಿತ್ತು. ಕಾರಂತರ ಹೆಚ್ಚಳವಿರುವುದು ಇಲ್ಲಿಯೇ. ಹಳಹಳಿಕೆಗೆ ಪ್ರಾಯಶ್ಚಿತ್ತವಿಲ್ಲವೆಂಬುದನ್ನು ಅವರು ಒಪ್ಪುತ್ತಾರೆ. ಒಪ್ಪಿದ ಮೇಲೆ ಅದನ್ನು ಋಣದ ಭಾಷೆಗೆ ತರುತ್ತಾರೆ. ಬಾಳದ ಬಾಳನ್ನು ಬಾಳಲು ಬರುವುದಿಲ್ಲ, ತೀರದ ಋಣವನ್ನಾದರೂ ಅಷ್ಟಿಷ್ಟು ತೀರಿಸಲು ಬರುತ್ತದೆ. ಪರಸ್ಥಳದ ಸಂಬಳದಲ್ಲಿ ಊರಿಗೆ ಮನಿಯಾರ್ಡರು ಕಳುಹಿಸಿದ ಒಂದು ತಲೆಮಾರಿಗೆ ಈ ಕಾದಂಬರಿಯ ಅರ್ಥವನ್ನು ಬಿಡಿಸಿ ಹೇಳಬೇಕಾಗಿಲ್ಲ.

ಮುಂದಿನ ದಶಕಗಳ ಎರಡು ಕಥೆಗಳನ್ನು ಜೊತೆಯಾಗಿ ಓದುವುದು ಲಾಭದಾಯಕ. ಎ. ಕೆ. ರಾಮಾನುಜನ್ನರ ‘ಅಣ್ಣಯ್ಯನ ಮಾನವಶಾಸ್ತ್ರ’ದ ನಾಯಕನು ಷಿಕಾಗೊ ನಗರದಲ್ಲಿ ಕುಳಿತು, ಊರಲ್ಲಿದ್ದಾಗ ಕಣ್ಣೆತ್ತಿ ನೋಡದ ತನ್ನ ಆಚಾರವಿಚಾರಗಳನ್ನು ಪರದೇಶದ ವಿದ್ವಾಂಸರ ಗ್ರಂಥಗಳಲ್ಲಿ ಆಸಕ್ತಿಯಿಂದ ಓದುತ್ತಾನೆ. ಅಂಥದೊಂದು ಗ್ರಂಥದ ಛಾಯಾಚಿತ್ರಗಳಲ್ಲಿ ತನ್ನ ತಂದೆಯ ಶವಸಂಸ್ಕಾರವನ್ನೂ ತಾಯಿಯ ವಿಧವಾ ರೂಪವನ್ನೂ ಕಾಣುತ್ತಾನೆ; ಮನೆಯವರು ಆ ಸುದ್ದಿಯನ್ನು ಅವನಿಂದ ಮುಚ್ಚಿಟ್ಟಿದ್ದರು. ತಾನು ಬಿಟ್ಟುಬಂದ ಮನೆ ಬಿಟ್ಟಂತೆಯೇ ಇದೆ ಎಂದು ತಿಳಿದವನ ನಂಬಿಕೆಯನ್ನು ಈ ಕಥೆ ಒಂದೇ ಪೆಟ್ಟಿಗೆ ಒಡೆಯುತ್ತದೆ. ಊರು ಯಾರಿಗಾಗಿಯೂ ಕಾಯುತ್ತ ಕೂರುವುದಿಲ್ಲ. ಅಲ್ಲಿಯೂ ಕಾಲ ನಡೆಯುತ್ತದೆ, ಸಾವು ಬರುತ್ತದೆ.

ಯು. ಆರ್. ಅನಂತಮೂರ್ತಿಯವರ ‘ಸೂರ್ಯನ ಕುದುರೆ’ಯಲ್ಲಿ ಹೊರಗೆ ಹೋದವನು ಊರಲ್ಲಿ ಉಳಿದವನನ್ನು ಎದುರುಗೊಳ್ಳುತ್ತಾನೆ. ಬಾಲ್ಯದ ಗೆಳೆಯ ಹಡೆ ವೆಂಕಟ ಪರೀಕ್ಷೆ ಪಾಸು ಮಾಡಲಿಲ್ಲ, ಹಣ ಮಾಡಲಿಲ್ಲ. ಆದರೆ ಅಭ್ಯಂಜನದ ಎಣ್ಣೆಯನ್ನು ತಲೆಗೆ ತಟ್ಟುವ ಅವನ ಕೈಯಲ್ಲಿ, ಮಿಡತೆಯೊಂದನ್ನು ನೋಡಿ ಬೆರಗಾಗುವ ಅವನ ಕಣ್ಣಿನಲ್ಲಿ, ಓದಿ ದೊಡ್ಡವನಾದವನು ಕಳೆದುಕೊಂಡ ಏನೋ ಒಂದಿದೆ. ಇಷ್ಟಕ್ಕೇ ನಿಂತಿದ್ದರೆ ಕಥೆಯು ಹಳ್ಳಿಯ ಸ್ತುತಿಯಾಗುತ್ತಿತ್ತು. ಅನಂತಮೂರ್ತಿಯವರು ವೆಂಕಟನ ಮನೆಯೊಳಕ್ಕೂ ಓದುಗನನ್ನು ಕರೆದೊಯ್ಯುತ್ತಾರೆ. ಅಲ್ಲಿ ಬಡತನದಲ್ಲಿ ಬೆಂದ ಹೆಂಡತಿಯಿದ್ದಾಳೆ. ತಂದೆಯ ನಿಶ್ಚಿಂತೆಯನ್ನು ಸಹಿಸಲಾರದ, ಸಿಟ್ಟಿನ ಮಗನಿದ್ದಾನೆ. ಉಳಿದವನ ಸುಖಕ್ಕೂ ಬೆಲೆಯುಂಟು, ಆ ಬೆಲೆಯನ್ನು ತೆರುವವರು ಬೇರೆ ಎಂಬುದನ್ನು ಕಥೆ ಮರೆಸುವುದಿಲ್ಲ. ಅಸೂಯೆಪಡಲು ಹೊರಟ ನಿರೂಪಕನಿಗೆ ಅಸೂಯೆಯೂ ಪೂರ್ಣವಾಗಿ ದಕ್ಕುವುದಿಲ್ಲ. ಬಿಟ್ಟ ದಾರಿಯಲ್ಲಿಯೂ ಕಲ್ಲುಮುಳ್ಳುಗಳಿದ್ದವೆಂಬ ತಿಳಿವಳಿಕೆಯೇ ಹಳಹಳಿಕೆಯಿಂದ ಪಾರಾಗುವ ಮೊದಲ ಹೆಜ್ಜೆಯೆಂದು ಈ ಎರಡೂ ಕಥೆಗಳಿಂದ ನಿರ್ಣಯಿಸಬಹುದು.

ಇಲ್ಲಿ ಒಂದು ಪ್ರಶ್ನೆ ಏಳುತ್ತದೆ. ಇದುವರೆಗೆ ನೋಡಿದ ಕೃತಿಗಳಲ್ಲಿ ಹಳಹಳಿಸುವವರೆಲ್ಲ ಗಂಡಸರು. ಅವರಿಗೆ ಎರಡು ದಾರಿಗಳಿದ್ದವು, ಒಂದನ್ನು ಆರಿಸಿಕೊಂಡರು. ಆರಿಸುವ ಅಧಿಕಾರವೇ ಇಲ್ಲದವರ ಪಾಡೇನು? ಲಲಿತೆ ಕಲ್ಕತ್ತೆಗೆ ಹೊರಟುದು ಗಂಡ ಹೊರಟನೆಂದು. ಚಿತ್ರಲೇಖೆ ಅರಮನೆಗೆ ಬಂದುದು ಮದುವೆಯಾಯಿತೆಂದು. ವೈದೇಹಿಯವರ ‘ಅಕ್ಕು’ ಕಥೆ ಈ ಪ್ರಶ್ನೆಯನ್ನು ನೇರವಾಗಿ ಎತ್ತಿಕೊಳ್ಳುತ್ತದೆ. ಗಂಡನಿಂದ ದೂರವಾಗಿ ತವರಿನಲ್ಲಿ ಉಳಿದ ಹೆಂಗಸು ತಾನು ಬಸುರಿಯೆಂದು ಹೇಳಿಕೊಂಡು ತಿರುಗುತ್ತಾಳೆ. ಮನೆಯವರ ಕಣ್ಣಿಗೆ ಅದು ಹುಚ್ಚು. ವಾಸ್ತವದಲ್ಲಿ ಅದು ಆಕೆಗೆ ದೊರೆಯದೆ ಹೋದ ಬಾಳನ್ನು ಆಕೆ ಎಲ್ಲರೆದುರಿಗೆ ಬಾಳಿ ತೋರಿಸುವ ಬಗೆ. ಗಂಡಸಿನ ಹಳಹಳಿಕೆ ಸಭ್ಯವಾದ ನೆನಪಾಗಿ ಸಾಹಿತ್ಯವನ್ನು ಸೇರಿದರೆ, ಅಕ್ಕುವಿನದು ಮನೆಯ ಮಾನವನ್ನು ಕೆದಕುವ ಮಾತಾಗುತ್ತದೆ. ವರ್ಗವಾದ ಗಂಡನ ಹಿಂದೆ ಬಂದು, ಊರಿನಲ್ಲಿ ಇದ್ದ ಕೆಲಸವನ್ನೋ ಓದನ್ನೋ ಬಿಟ್ಟು, ಭಾಷೆ ಬಾರದ ಬಡಾವಣೆಯಲ್ಲಿ ಬಾಳು ಕಳೆದ ಹೆಂಗಸರ ಕಥನವು ದಿಲ್ಲಿಯ ಕನ್ನಡ ಬರವಣಿಗೆಯಲ್ಲಿ ಇನ್ನೂ ತಕ್ಕ ಸ್ಥಾನವನ್ನು ಪಡೆಯಬೇಕಾಗಿದೆ. ಹೊರನಾಡಿನ ಹಳಹಳಿಕೆಯ ವಿಮರ್ಶೆ ಈ ಕೊರತೆಯನ್ನು ಗಣನೆಗೆ ತೆಗೆದುಕೊಳ್ಳದಿದ್ದರೆ ಅರ್ಧಕ್ಕೇ ನಿಂತಂತಾಗುತ್ತದೆ.

ಅದೇ ವೈದೇಹಿಯವರು ಬರಹಕ್ಕಿಳಿಸಿದ ಬಿ. ವಿ. ಕಾರಂತರ ಆತ್ಮಕಥನಕ್ಕೆ ‘ಇಲ್ಲಿರಲಾರೆ ಅಲ್ಲಿಗೆ ಹೋಗಲಾರೆ’ ಎಂದು ಹೆಸರು. ದಕ್ಷಿಣ ಕನ್ನಡದ ಮಂಚಿಯಲ್ಲಿ ಹುಟ್ಟಿ, ಎಳೆಯ ವಯಸ್ಸಿನಲ್ಲಿಯೇ ಮನೆ ಬಿಟ್ಟು ಗುಬ್ಬಿ ಕಂಪನಿಯನ್ನು ಸೇರಿ, ಕಾಶಿಯಲ್ಲಿ ಹಿಂದಿ ಓದಿ, ದಿಲ್ಲಿಯ ರಾಷ್ಟ್ರೀಯ ನಾಟಕ ಶಾಲೆಯಲ್ಲಿ ಕಲಿತು, 1977ರಲ್ಲಿ ಅದೇ ಶಾಲೆಯ ನಿರ್ದೇಶಕರಾಗಿ ಬಂದು, ಅನಂತರ ಭೋಪಾಲಕ್ಕೂ ಮೈಸೂರಿನ ರಂಗಾಯಣಕ್ಕೂ ಹೋದ ಜೀವನ ಅದು. ಈ ಹೆಸರನ್ನು ಕೇಳಿದ ಹೊರನಾಡ ಕನ್ನಡಿಗನು ಅದನ್ನು ತನ್ನ ದೂರಾಗಿ ಬಳಸಿಕೊಳ್ಳುವುದು ಸುಲಭ. ಆದರೆ ಕಾರಂತರು ‘ಇರಲಾರದ’ ಎಡೆಗಳಲ್ಲೆಲ್ಲ ಕೆಲಸ ಮಾಡಿದರೆಂಬುದನ್ನು ಮರೆಯಬಾರದು. ‘ತುಘಲಕ್’ ನಾಟಕವನ್ನು ಅವರು ಹಿಂದುಸ್ತಾನಿಗೆ ತಂದುದರಿಂದ ಕನ್ನಡದ ಕೃತಿಯೊಂದು ದಿಲ್ಲಿಯ ರಂಗಭೂಮಿಯ ಸೊತ್ತಾಯಿತು. 1970ರ ದಶಕದಲ್ಲಿ ಇಬ್ರಾಹಿಂ ಅಲ್ಕಾಜಿಯವರ ನಿರ್ದೇಶನದಲ್ಲಿ ಹಳೆಯ ಕೋಟೆಯ ಪಾಳುಗೋಡೆಗಳ ನಡುವೆ ಅದು ಮೆರೆಯಿತು. ಊರಲ್ಲಿಯೇ ಉಳಿದಿದ್ದರೆ ಇದು ಆಗುತ್ತಿರಲಿಲ್ಲ. ಹಾಗೆಂದು ಊರನ್ನು ಬಿಟ್ಟುದರ ನಷ್ಟ ಇದರಿಂದ ತುಂಬಿಬಂದಿತೆಂದೂ ಹೇಳಲಾಗದು. ಒಂದರ ಲಾಭವನ್ನು ಇನ್ನೊಂದರ ನಷ್ಟದಲ್ಲಿ ಕಳೆದು ಶೇಷವನ್ನು ತೆಗೆಯುವ ಗಣಿತ ಬಾಳಿಗೆ ಅನ್ವಯಿಸುವುದಿಲ್ಲ.

ಇನ್ನು ಪಂಪನ ಮಾತು. ವೇಮುಲವಾಡದ ಅರಿಕೇಸರಿಯ ಆಶ್ರಯದಲ್ಲಿ, ಇಂದಿನ ತೆಲಂಗಾಣದ ನೆಲದಲ್ಲಿ ಕುಳಿತು ‘ವಿಕ್ರಮಾರ್ಜುನ ವಿಜಯ’ವನ್ನು ರಚಿಸಿದ ಕವಿ ಬನವಾಸಿಯನ್ನು ನೆನೆದುದು ನಿಜ. ಆದರೆ ಆ ನೆನಪಿನಲ್ಲಿ ಹಿಂದಿರುಗುವ ಮಾತಿಲ್ಲವೆಂಬುದನ್ನು ವೇದಿಕೆಯ ಭಾಷಣಗಳು ಗಮನಿಸುವುದಿಲ್ಲ. ಅಲ್ಲಿ ಕವಿ ಹಾರೈಸುವುದು ಮರಿದುಂಬಿಯಾಗಿಯೋ ಕೋಗಿಲೆಯಾಗಿಯೋ ಆ ನಾಡಿನಲ್ಲಿ ಹುಟ್ಟುವುದನ್ನು. ಬಾಳದ ಬಾಳನ್ನು ಪಂಪನು ಮತ್ತೊಂದು ಜನ್ಮಕ್ಕೆ ಬಿಟ್ಟು, ಈ ಜನ್ಮದಲ್ಲಿ ಇದ್ದೆಡೆಯಲ್ಲಿಯೇ ತನ್ನ ಕಾವ್ಯವನ್ನು ಮುಗಿಸಿದನು. ಆ ನೆನಪನ್ನೂ ಅಳಿಸಿಹಾಕದೆ ಕಾವ್ಯದ ಒಳಗೇ ಒಂದು ಎಡೆಯನ್ನು ಕೊಟ್ಟನು. ಹಳಹಳಿಕೆಯನ್ನು ಗೆಲ್ಲುವುದೆಂದರೆ ಅದನ್ನು ಮರೆಯುವುದಲ್ಲ. ಕೈಯಲ್ಲಿರುವ ಕೆಲಸವನ್ನು ಅದು ಕೆಡಿಸದಂತೆ ತಕ್ಕ ಎಡೆಯಲ್ಲಿ ಇರಿಸಿಕೊಳ್ಳುವುದು. ದಿಲ್ಲಿಯ ಕನ್ನಡಿಗರು ಬನವಾಸಿಯನ್ನು ಮುಂದೆಯೂ ನೆನೆಯಲಿ. ನೆನೆಯುವಾಗ ವೇಮುಲವಾಡದಲ್ಲಿ ನಡೆದ ಕೆಲಸವನ್ನೂ ನೆನೆಯುವುದು ಯುಕ್ತ.