ಬಾಣಗಳಿವೆ, ಅಳತೆ ಎಲ್ಲಿ?

ಐ.ಪಿ.ಸಿ.ಸಿ. 2007ರಲ್ಲಿ ಪ್ರಕಟಿಸಿದ ನಾಲ್ಕನೆಯ ವರದಿಯ ಮೊದಲ ಅಧ್ಯಾಯದಲ್ಲಿ ಒಂದು ಪ್ರಸಿದ್ಧ ಚಿತ್ರವಿದೆ. ಅದರಲ್ಲಿ ವಾಯುಮಂಡಲ, ಜಲಗೋಳ, ಹಿಮಗೋಳ, ನೆಲ ಮತ್ತು ಜೀವಗೋಳಗಳನ್ನು ಬಾಣಗಳು ಜೋಡಿಸುತ್ತವೆ. ವಾಯುಗುಣವೆಂದರೆ ಗಾಳಿಯೊಂದರ ಆಟವಲ್ಲ ಎಂದು ಒಂದೇ ನೋಟಕ್ಕೆ ತಿಳಿಸುವುದು ಅದರ ಹೆಚ್ಚುಗಾರಿಕೆ. ಆದರೆ ಪ್ರತಿ ಬಾಣದಲ್ಲಿ ಎಷ್ಟು ಹರಿಯುತ್ತದೆ, ಎಷ್ಟು ಕಾಲದಲ್ಲಿ ಹರಿಯುತ್ತದೆ ಎಂಬುದನ್ನು ಅದು ಹೇಳುವುದಿಲ್ಲ. ಹೀಗಾಗಿ ವಿದ್ಯಾರ್ಥಿಗಳು ಐದು ಹೆಸರು ಬರೆದು ಅಂಕ ಪಡೆಯುತ್ತಾರೆ, ಅಂತರಕ್ರಿಯೆ ಕಲಿಯುವುದಿಲ್ಲ. ಈ ಚಿತ್ರವನ್ನು ಬೀದರ ಜಿಲ್ಲೆಗೆ ತಂದು ನೋಡೋಣ.

ನೆಲ ಮತ್ತು ವಾಯುಮಂಡಲದ ನಡುವಿನ ಬಾಣವನ್ನೇ ತೆಗೆದುಕೊಳ್ಳಿ. ಔರಾದದ ಎರೆಹೊಲದಲ್ಲಿ ಒಂದು ಚದರ ಮೀಟರ್ ಜಾಗದಿಂದ 1 ಮಿ.ಮೀ. ನೀರು ಆವಿಯಾದರೆ ಅದು 1 ಕಿ.ಗ್ರಾಂ. ಅದಕ್ಕೆ ಬೇಕಾದ ಗುಪ್ತೋಷ್ಣ ಸುಮಾರು 24.5 ಲಕ್ಷ ಜೂಲ್. ತೊಗರಿ ಬೆಳೆದು ನಿಂತ ಹೊಲದಿಂದ ದಿನಕ್ಕೆ 4 ಮಿ.ಮೀ. ಆವಿಯಾಗುತ್ತದೆ ಎಂದಿಟ್ಟುಕೊಳ್ಳಿ. 98 ಲಕ್ಷ ಜೂಲನ್ನು 86,400 ಸೆಕೆಂಡುಗಳಿಂದ ಭಾಗಿಸಿದರೆ ಸುಮಾರು 113 ವಾಟ್. ಅದೇ ಅಧ್ಯಾಯದ ಶಕ್ತಿ ಆಯವ್ಯಯದ ಚಿತ್ರ ಇದಕ್ಕೆ ಕೊಡುವ ಜಾಗತಿಕ ಸರಾಸರಿ 78 ವಾಟ್. ಮಳೆ ಕೈಕೊಟ್ಟು ನೆಲ ಒಣಗಿದಾಗ ಈ ಶಕ್ತಿಯ ಬಹುಪಾಲು ಮಣ್ಣನ್ನೂ ಗಾಳಿಯನ್ನೂ ಕಾಯಿಸುತ್ತದೆ. ಕಾದ ಗಾಳಿ ಉಳಿದ ತೇವವನ್ನೂ ಹೀರುತ್ತದೆ. ಬರ ಬರವನ್ನೇ ಬೆಳೆಸುವುದು ಹೀಗೆ.

ಇನ್ನು ಕಾಲದ ಮಾತು. ಬೀದರ ನಗರದ ಮೇಲೆ ಸಂಜೆ ಕವಿಯುವ ಮೋಡದ ಆಯುಷ್ಯ ಗಂಟೆಗಳು. ಭಾಲ್ಕಿಯ ಎರೆಮಣ್ಣಿನ ತೇವದ್ದು ವಾರಗಳು. ನಗರದ ಜಂಬಿಟ್ಟಿಗೆಯ ಕೆಳಗಿರುವ ಬಸಾಲ್ಟ್ ಶಿಲೆ ಸುಮಾರು 6.6 ಕೋಟಿ ವರ್ಷಗಳ ಹಿಂದೆ ಲಾವಾ ಆಗಿ ಹರಿದದ್ದು. ಇಂಥ ಶಿಲೆ ಮಳೆನೀರಿನಲ್ಲಿ ಶಿಥಿಲವಾಗುತ್ತ ಗಾಳಿಯ ಇಂಗಾಲದ ಡೈಆಕ್ಸೈಡನ್ನು ಹಿಡಿದಿಡುತ್ತದೆ. “ಹಾಗಿದ್ದರೆ ಹೊಗೆಯ ಚಿಂತೆ ಏಕೆ, ಸರ್?” ಎಂದು ವಿದ್ಯಾರ್ಥಿ ಕೇಳಿದರೆ ಚಿತ್ರದಲ್ಲಿ ಉತ್ತರವಿಲ್ಲ. ಉತ್ತರ ಇರುವುದು ವೇಗದಲ್ಲಿ: ಶಿಲೆಯ ಕೆಲಸಕ್ಕೆ ಲಕ್ಷಾಂತರ ವರ್ಷ ಬೇಕು, ನಾವು ಕಲ್ಲಿದ್ದಲು ಸುಡುವುದು ದಶಕಗಳಲ್ಲಿ.

ಒಂದೇ ಬಾಣವನ್ನು ನೆಚ್ಚುವುದೂ ತಪ್ಪು. ಎಲ್ ನಿನೊ ವರ್ಷವಾದ 2015ರಲ್ಲಿ ದೇಶದ ಮುಂಗಾರು ಸರಾಸರಿಯ ಶೇ. 86ಕ್ಕೆ ಕುಸಿಯಿತು; 2016ರ ಏಪ್ರಿಲ್‌ನಲ್ಲಿ ನೆರೆಯ ಲಾತೂರಿಗೆ ರೈಲಿನಲ್ಲಿ ನೀರು ಬಂತು. ಆದರೆ 1997ರಲ್ಲಿ ಎಲ್ ನಿನೊ ಪ್ರಬಲವಾಗಿದ್ದರೂ ಮುಂಗಾರು ಶೇ. 102 ಇತ್ತು. ಆ ವರ್ಷ ಹಿಂದೂ ಮಹಾಸಾಗರದ ಪಶ್ಚಿಮ ಭಾಗ ಹೆಚ್ಚು ಬಿಸಿಯಾಗಿದ್ದುದು ಅದಕ್ಕೊಂದು ಕಾರಣವೆಂದು ತಜ್ಞರು ಹೇಳುತ್ತಾರೆ.

ಅಧ್ಯಾಪಕರೇ, ಆ ಎರಡೂ ಚಿತ್ರಗಳನ್ನು ಅಕ್ಕಪಕ್ಕದಲ್ಲಿ ತೂಗುಹಾಕಿ. ಪ್ರತಿ ಬಾಣದ ಮುಂದೆಯೂ ಕೇಳಿ: ಹರಿಯುವುದು ಏನು? ಎಷ್ಟು? ಎಷ್ಟು ಕಾಲದಲ್ಲಿ?